ಆಟವೆಂದರೆ ನಾನೇ ಎಂದ ಶಾರ್ಟ್‌ಕಟ್

ಡಿಟಿಪಿ ಅಂಗಡಿಯ ಚೆನ್ನಬಸಪ್ಪನವರ ಕಂಪ್ಯೂಟರಿನಲ್ಲಿ ಒಂದು ಕಾರ್ ರೇಸ್ ಆಟವಿತ್ತು. ಆಟದ ಸರಕೆಲ್ಲ ಡಿ ಡ್ರೈವ್‌ನ ಒಂದು ಫೋಲ್ಡರಿನಲ್ಲಿತ್ತು. ಪರದೆಯ ಮೇಲಿದ್ದದ್ದು ಅಲ್ಲಿಗೆ ದಾರಿ ತೋರಿಸುವ ಪುಟ್ಟ ಶಾರ್ಟ್‌ಕಟ್ ಮಾತ್ರ.

ದಿನಕ್ಕೆ ಹತ್ತು ಸಲ ಒತ್ತಿಸಿಕೊಂಡು ಶಾರ್ಟ್‌ಕಟ್ಟಿಗೆ ಜಂಬ ತಲೆಗೇರಿತ್ತು. "ಯಜಮಾನರು ಹುಡುಕಿಕೊಂಡು ಬರುವುದು ನನ್ನನ್ನು. ಆಟವೆಂದರೆ ನಾನೇ. ನೀನು ಎಪ್ಪತ್ತು ಜಿಬಿ ಜಾಗ ತಿಂದು ಬಿದ್ದುಕೊಂಡಿದ್ದೀಯ," ಎಂದು ಫೋಲ್ಡರನ್ನು ಹಂಗಿಸಿತು.

"ಕಾರು, ರಸ್ತೆ, ಯಜಮಾನರು ದಿನಾ ಸೋಲುವ ಪಂದ್ಯ, ಎಲ್ಲವೂ ನನ್ನೊಳಗಿವೆ. ನಾನೇ ಇಲ್ಲವಾದರೆ ನೀನು ಎಲ್ಲಿಗೆ ದಾರಿ ತೋರಿಸುತ್ತೀಯ?" ಎಂದು ಫೋಲ್ಡರು ಕೇಳಿತು.

"ಅದನ್ನು ಯಜಮಾನರು ನೋಡಿಕೊಳ್ಳುತ್ತಾರೆ."

ಒಂದು ದಿನ ಯಾರದೋ ಮದುವೆ ಪತ್ರಿಕೆಯ ಫೈಲು ಉಳಿಸಲು ಜಾಗ ಸಾಲಲಿಲ್ಲ. ಡಿ ಡ್ರೈವ್ ತೆರೆದು ನೋಡಿದ ಚೆನ್ನಬಸಪ್ಪನವರು, "ಇದ್ಯಾವುದಪ್ಪಾ ಇಷ್ಟು ದೊಡ್ಡ ಫೋಲ್ಡರು? ಆಟದ್ದಿರಬೇಕು. ಹೋದರೆ ಹೋಗಲಿ, ಆಟ ಹೇಗೂ ಪರದೆ ಮೇಲೇ ಇದೆಯಲ್ಲ," ಎಂದು ಅದನ್ನು ಬುಡಸಮೇತ ಅಳಿಸಿಬಿಟ್ಟರು. ಶಾರ್ಟ್‌ಕಟ್ಟು ಹಿಗ್ಗಿ ಹೀರೇಕಾಯಿಯಾಯಿತು.

ಊಟ ಮುಗಿಸಿ ಬಂದು ಅವರು ಶಾರ್ಟ್‌ಕಟ್ಟನ್ನು ಒತ್ತಿದರು. ಆಟ ತೆರೆಯಲಿಲ್ಲ. ಮತ್ತೆ ಒತ್ತಿದರು, ಮೌಸನ್ನು ಮೇಜಿಗೆ ಕುಟ್ಟಿದರು, "ದರಿದ್ರ ಆಟ, ಕೈಕೊಟ್ಟಿತು!" ಎಂದು ಬೈದರು.

ಶಾರ್ಟ್‌ಕಟ್ಟು ಅಕ್ಕಪಕ್ಕದ ಶಾರ್ಟ್‌ಕಟ್ಟುಗಳ ಕಡೆ ತಿರುಗಿ ಗಂಭೀರವಾಗಿ ಹೇಳಿತು: "ನೋಡಿದಿರಲ್ಲ? ಕರೆದ ಕೂಡಲೇ ಎದ್ದು ನಿಂತವನು ನಾನೊಬ್ಬನೇ. ಆ ಸೋಮಾರಿ ಇವತ್ತು ಕೆಲಸಕ್ಕೇ ಬಂದಿಲ್ಲ."