ಹರಿಗೋಲಿಗೆ ಡೊಳ್ಳು

"ಗುರುಗಳೇ, ನಾನು ದುಃಖದ ರಾಗವಾದ ಜೋಗಿಯಾ ಹಾಡಿದರೆ, ಕಣ್ಣು ಮುಚ್ಚಿ ಕೇಳಿದವರು ನೀವೇ ಹಾಡಿದಿರಿ ಎನ್ನುತ್ತಾರೆ. ಆದರೆ ಕಚೇರಿ ಮುಗಿದ ಮೇಲೆ ಯಾರೂ ನನ್ನನ್ನು ನೆನೆಯುವುದಿಲ್ಲ. ನನ್ನಲ್ಲಿ ಏನು ಕೊರತೆ?" ಎಂದು ಶಿಷ್ಯೆ ವಸುಮತಿ ಕೇಳಿದಳು.

ಗುರುಗಳು ತಂಬೂರಿಯನ್ನು ಗೋಡೆಗೆ ಒರಗಿಸಿದರು. "ಕೊರತೆಯ ಮಾತು ಆಮೇಲೆ. ಮೊದಲು ಕತೆ ಕೇಳು. ನಡುವೆ ಬಾಯಿ ಹಾಕಬೇಡ" ಎಂದು ಶುರು ಮಾಡಿದರು.

ಒಬ್ಬ ಸಂಗೀತಗಾರನಿದ್ದ. ದೊಡ್ಡ ನಟರಿಲ್ಲದ, ಗೆಳೆಯರು ಕೂಡಿ ಮಾಡುವ ಸಣ್ಣ ಚಿತ್ರಗಳಿಗೆ ಸಂಗೀತ ಕೊಡುವುದು ಅವನ ಕೆಲಸ. ಕೊಟ್ಟಿದ್ದೇನೋ ಬೇಕಾದಷ್ಟು. ಒಂದು ಚಿತ್ರವೂ ಚಿತ್ರಮಂದಿರದ ಮುಖ ನೋಡಲಿಲ್ಲ, ಎಲ್ಲ ಡಬ್ಬದಲ್ಲೇ ಉಳಿದವು. ಈ ಸಲವೂ ಹಾಗೇ ಆದರೆ ಕಸುಬು ಬಿಡುತ್ತೇನೆಂದು ಹೆಂಡತಿಗೆ ಮಾತು ಕೊಟ್ಟಿದ್ದ. ಆಗ ಒಬ್ಬ ನಿರ್ದೇಶಕ ಅವನನ್ನು ಕರೆದ.

ಅದು ಅಂಬಿಗಿತ್ತಿಯೊಬ್ಬಳ ಚಿತ್ರ. ಗಂಡನಿಲ್ಲದವಳು, ಹರಿಗೋಲು ನಡೆಸಿ ಮಗಳನ್ನು ಓದಿಸಿದವಳು. ಕೊನೆಯಲ್ಲಿ, ಶಾಲೆಯ ಟೀಚರಾಗಿ ಹೊರಟ ಮಗಳನ್ನು ಆಚೆ ದಡಕ್ಕೆ ಮುಟ್ಟಿಸಿ, ಒಬ್ಬಳೇ ಹುಟ್ಟು ಹಾಕುತ್ತ ಹಿಂದಿರುಗುತ್ತಾಳೆ. ಚಿತ್ರ ಮಾಡುವವರಲ್ಲಿ ಒಂದು ರೂಢಿಯಿದೆ. ಸಂಗೀತ ಸಿದ್ಧವಾಗುವ ತನಕ ಬೇರೆ ಯಾವುದೋ ಚಿತ್ರದ ಸಂಗೀತವನ್ನು ಎರವಲು ತಂದು ಕೂರಿಸಿಕೊಂಡು ಸಂಕಲನ ಮಾಡುತ್ತಾರೆ. ಈ ನಿರ್ದೇಶಕ ಆ ಕೊನೆಯ ದೃಶ್ಯಕ್ಕೆ ಪರದೇಶದ ಪಿಟೀಲೊಂದನ್ನು ಕೂರಿಸಿದ್ದ. ಅಯ್ಯೋ, ಅದು ಅಳುವ ಅಳುವಿಗೆ ಕಲ್ಲೂ ಕರಗಬೇಕು! ತಿಂಗಳುಗಟ್ಟಲೆ ಅದನ್ನೇ ಕೇಳಿ ಕೇಳಿ ಅವನ ಕಿವಿ ಅದಕ್ಕೇ ಅಂಟಿಕೊಂಡಿತ್ತು. "ನನಗೆ ಇದೇ ಬೇಕು. ಎರಡು ಸ್ವರ ಆಚೀಚೆ ಮಾಡಿ ಕೊಡಿ" ಎಂದ.

ಪಾಪ, ಸಂಗೀತಗಾರ ಮಾಡಿಯೂ ಕೊಟ್ಟ. ನಿರ್ದೇಶಕ ಖುಷಿಯಿಂದ ತಬ್ಬಿಕೊಂಡ. ಆದರೆ ಸಂಗೀತಗಾರನಿಗೆ ಸಮಾಧಾನವಾಗಲಿಲ್ಲ. ಮನೆಗೆ ಬಂದು, ಸದ್ದು ಪೂರ್ತಿ ತೆಗೆದು, ಆ ದೃಶ್ಯವನ್ನು ನೋಡಿದ. ನೋಡಿದವನೇ ತಾನು ಮಾಡಿದ್ದನ್ನೆಲ್ಲ ಅಳಿಸಿ ಹಾಕಿದ. ಮರುದಿನ ಡೊಳ್ಳು ಬಾರಿಸಿ, ಮುದ್ರಿಸಿಕೊಂಡು ಬಂದು ಕೇಳಿಸಿದ.

"ಇಂಥ ದೃಶ್ಯಕ್ಕೆ ಡೊಳ್ಳೇ? ತಲೆ ನೆಟ್ಟಗಿದೆಯೇನ್ರಿ? ನಾನು ಬೇರೆಯವರನ್ನು ನೋಡಿಕೊಳ್ಳುತ್ತೇನೆ" ಎಂದು ನಿರ್ದೇಶಕ ಕೂಗಾಡಿದ.

ಸಂಗೀತಗಾರನಿಗೆ ಇದು ಕೊನೆಯ ಅವಕಾಶ. ಆದರೂ ಹೇಳಿದ: "ಧಾರಾಳವಾಗಿ ನೋಡಿಕೊಳ್ಳಿ. ಅದಕ್ಕೆ ಮೊದಲು ಸದ್ದು ತೆಗೆದು ಒಮ್ಮೆ ನಿಮ್ಮ ಚಿತ್ರ ನೋಡಿ. ಆಕೆ ಎಲ್ಲಿ ಅಳುತ್ತಾಳೆ, ತೋರಿಸಿ."

ನಿರ್ದೇಶಕ ನೋಡಿದ. ಅಂಬಿಗಿತ್ತಿ ಅಳುತ್ತಿರಲಿಲ್ಲ. ಹಲ್ಲು ಕಚ್ಚಿ, ತಲೆ ಎತ್ತಿ, ಗೆದ್ದವಳ ಗತ್ತಿನಲ್ಲಿ ಹುಟ್ಟು ಎಳೆಯುತ್ತಿದ್ದಳು. ಹಾಗೇ ಮಾಡಬೇಕೆಂದು ನಟಿಗೆ ಹೇಳಿಕೊಟ್ಟವನು ಅವನೇ. ಎರವಲು ಪಿಟೀಲು ಅವನಿಗೆ ಅವನ ಚಿತ್ರವನ್ನೇ ಮರೆಸಿಬಿಟ್ಟಿತ್ತು. ಪಿಟೀಲು ತೆಗೆದು ಡೊಳ್ಳನ್ನೇ ಇಟ್ಟುಕೊಂಡ.

ಚಿತ್ರ ತೆರೆ ಕಂಡಿತು. ಕೊನೆಯ ದೃಶ್ಯದಲ್ಲಿ ಡೊಳ್ಳು ಮೊಳಗಿದ್ದೇ ತಡ, ಜನ ಕೂತಲ್ಲಿಂದ ಎದ್ದರು. ಮುಂದಿನ ಸಾಲಿನ ಮುದುಕಿಯೊಬ್ಬಳು "ಎಳಿ ನನ್ನವ್ವ, ಎಳಿ!" ಎಂದು ಕೂಗಿದಳು. ಚಪ್ಪಾಳೆ ಡೊಳ್ಳಿನ ಜೊತೆ ಸೇರಿಕೊಂಡಿತು. ಸಂಗೀತಗಾರನ ಹೆಸರು ಪರದೆಯ ಮೇಲೆ ಬಂದಾಗ ಅವನ ಹೆಂಡತಿ ಎಲ್ಲರೆದುರಿಗೇ ಶಿಳ್ಳೆ ಹೊಡೆದಳು. ಊರೂರಲ್ಲೂ ಹೀಗೇ ಆಯಿತು. ಆಮೇಲೆ ಅವನಿಗೆ ಒಂದು ದಿನವೂ ಬಿಡುವು ಸಿಗಲಿಲ್ಲ.

ಕತೆ ಮುಗಿಸಿ ಗುರುಗಳು ವಸುಮತಿಯ ಮುಖವನ್ನೇ ನೋಡಿದರು.

"ಜೋಗಿಯಾದಲ್ಲಿ ನಾನು ಅಳುವುದು ನನ್ನ ದುಃಖಕ್ಕೆ, ನೀನು ಯಾಕಮ್ಮ ಅಳುತ್ತೀ?"