ಜಪ್ತಿಯಾದ ಆಟೋ ಮತ್ತು ಪಿಕಳಾರ ಹಕ್ಕಿ

ಠಾಣೆಯ ಹಿತ್ತಲಲ್ಲಿ ಜಪ್ತಿಯಾಗಿ ನಿಂತಿದ್ದ ಆಟೋದ ಮೀಟರಿನ ಮೇಲೆ ಪಿಕಳಾರ ಹಕ್ಕಿಯೊಂದು ಗೂಡು ಕಟ್ಟಿ ಮರಿ ಮಾಡಿತ್ತು.

“ನಿನ್ನ ಯಜಮಾನ ಮೌಲಾಲಿ ಬಿಡುಗಡೆಯ ಆದೇಶ ತಂದಿದ್ದಾನಂತೆ. ನನ್ನ ಮರಿಗಳ ಗತಿಯೇನು?” ಎಂದು ಹಕ್ಕಿ ಕೇಳಿತು.

“ನನಗೋಸ್ಕರ ಆರು ತಿಂಗಳು ಕೋರ್ಟಿಗೆ ಅಲೆದವನು ಒಂದು ಗೂಡು ಕಿತ್ತಾನೇ? ಸುಮ್ಮನಿರು,” ಎಂದಿತು ಆಟೋ.

ಅಷ್ಟರಲ್ಲಿ ಮೌಲಾಲಿ ಬಂದ. “ಆ ಕಸ ಕಿತ್ತೆಸೆದು ಗಾಡಿ ತಗೊಂಡು ಹೋಗು,” ಎಂದ ಪೇದೆ.

ಮೌಲಾಲಿ ಆದೇಶ ಎತ್ತಿ ತೋರಿಸಿದ: “ಕೇಸು ಮುಗಿಯೋತನಕ ಗಾಡಿಯೊಳಗ ಏನೂ ಬದಲಿ ಮಾಡಬಾರದು ಅಂತ ಜಡ್ಜ್ ಸಾಹೇಬ್ರು ಬರದಾರ್ರಿ.”

ಎಂಜಿನ್ ಚಾಲೂ ಮಾಡದೆ, ಮನೆಯತನಕ ತಳ್ಳಿಕೊಂಡೇ ಹೊರಟ. ಹಕ್ಕಿ ಹಾರಿ ಬಂದು ಹಿಂದಿನ ಸೀಟಿನ ಮೇಲೆ ಕೂತಿತು.

“ಆರು ತಿಂಗಳಾದ ಮೇಲೆ ಇವತ್ತು ಸವಾರಿ ಸಿಕ್ಕಿತು ನೋಡು,” ಎಂದು ಆಟೋ ಹಿಗ್ಗಿತು.