ಸಣ್ಣತಾಯಮ್ಮನಿಗೆ ಎಡೆ

ಕಲ್ಯಾಣ ಮಂಟಪದ ಹಂಡೆ, ಕೊಪ್ಪರಿಗೆ ಉಜ್ಜಿ ಉಜ್ಜಿ ಸಣ್ಣತಾಯಮ್ಮನ ಬೆರಳಿನ ಗೆರೆಗಳೆಲ್ಲ ಸವೆದುಹೋಗಿದ್ದವು. ಬದುಕಿದ್ದೇನೆಂದು ತೋರಿಸಲು ವರ್ಷಕ್ಕೊಮ್ಮೆ ಒತ್ತಬೇಕಾದ ಅವಳ ಹೆಬ್ಬೆಟ್ಟು ಮೆಷಿನ್ನಿಗೆ ಹತ್ತಲಿಲ್ಲ. ಸರ್ಕಾರ ಅವಳನ್ನು ಸತ್ತವರ ಲೆಕ್ಕಕ್ಕೆ ಸೇರಿಸಿ, ಅವಳ ಒಲೆ ಉರಿಸುತ್ತಿದ್ದ ವೃದ್ಧಾಪ್ಯ ವೇತನವನ್ನು ನಿಲ್ಲಿಸಿಬಿಟ್ಟಿತು.

"ಎದುರಿಗೇ ನಿಂತಿದ್ದೀನಲ್ಲ ಸ್ವಾಮಿ," ಅಂದಳು, ತಾಲ್ಲೂಕು ಕಚೇರಿಗೆ ಹೋಗಿ.

ಶಿರಸ್ತೇದಾರ ಚನ್ನವೀರಪ್ಪನವರು ಕಂಪ್ಯೂಟರಿನಿಂದ ಕಣ್ಣು ಕೀಳಲಿಲ್ಲ. "ನಿಂತರೆ ಆಯ್ತೇನಮ್ಮ? ಇದರಲ್ಲಿ ಸತ್ತಿದ್ದೀಯ. ಸರ್ಕಾರ ಸುಳ್ಳು ಹೇಳುತ್ತಾ?"

"ಛೇ, ಉಂಟೇ," ಎಂದು ಅವಳು ಅಲ್ಲೇ ಮೂಲೆಯಲ್ಲಿ ಕೂತಳು.

ಪಿತೃಪಕ್ಷದ ದಿನಗಳು. ಮಧ್ಯಾಹ್ನ ಶಿರಸ್ತೇದಾರರು ಊಟದ ಕ್ಯಾರಿಯರ್ ಬಿಚ್ಚಿದರು. ಕಜ್ಜಾಯ, ವಡೆಯ ಘಮಲು ಕಚೇರಿಯೆಲ್ಲ ಹರಡಿತು. ಸಣ್ಣತಾಯಮ್ಮ ಎದ್ದು ಬಂದವಳೇ ಕ್ಯಾರಿಯರನ್ನು ಮಡಿಲಿಗೆಳೆದುಕೊಂಡು ಎದುರು ಕುರ್ಚಿಯಲ್ಲಿ ಕೂತಳು.

"ಏನಮ್ಮ ಇದು?"

"ಸತ್ತವರು ಉಂಡ ಮೇಲಲ್ವಾ ಸ್ವಾಮಿ ಬದುಕಿರೋರು ಉಣ್ಣೋದು? ನಮ್ಮ ಮನೇಲಿ ನನಗೆ ಯಾರೂ ಎಡೆ ಇಡಲಿಲ್ಲ. ಸಾಯಿಸಿದೋರ ಹತ್ರಾನೇ ಬಂದೆ." ವಡೆ ಮುರಿದು ಬಾಯಿಗಿಟ್ಟಳು. "ಉಪ್ಪು ಒಂಚೂರು ಕಮ್ಮಿ. ಪಕ್ಷ ಮುಗಿಯೋವರೆಗೂ ದಿನಾ ಬರ್ತೀನಿ, ಮನೇಲಿ ಹೇಳಿ."

ಗುಮಾಸ್ತರೆಲ್ಲ ಫೈಲುಗಳ ಹಿಂದೆ ಮುಖ ಮುಚ್ಚಿಕೊಂಡರು. ಶಿರಸ್ತೇದಾರರ ಹಸಿವು ನೆತ್ತಿಗೇರಿತು.

"ಗುಂಡುಕಲ್ಲಿನ ಹಾಗೆ ಬದುಕಿರೋಳು ನನ್ನ ಊಟ ತಿಂತಿದ್ದಾಳಲ್ರೋ, ಎಬ್ಬಿಸ್ರೋ ಇವಳನ್ನ."

ಸಣ್ಣತಾಯಮ್ಮ ಸೆರಗಿನಲ್ಲಿ ಬಾಯಿ ಒರೆಸಿಕೊಂಡಳು. "ಎಲ್ಲರೂ ಕೇಳಿದ್ರಲ್ಲಪ್ಪ. ಆ ಮಾತನ್ನ ಕಂಪ್ಯೂಟರಿಗೂ ಹೇಳಿಬಿಡಿ ಸ್ವಾಮಿ."

ಹೇಳಿದರು. ಹೇಳದೆ ಮಾಡುವುದೇನು? ಕಜ್ಜಾಯದ ಡಬ್ಬಿ ಇನ್ನೂ ಅವಳ ಮಡಿಲಲ್ಲೇ ಇತ್ತು.